ದೇವಳಾಲಿಗೆ ಹಾಕಿದ ಕಾರ್ಡು

ಶಾಲೆಗೆ ಐವತ್ತು ವರ್ಷ ಆಯ್ತು, ಸ್ಮರಣ ಸಂಚಿಕೆಗೆ ಏನಾದ್ರೂ ಬರ್ದುಕೊಡಿ ಅಂತ ಈಗಿನ ಹೆಡ್‌ಮೇಷ್ಟ್ರು ಫೋನ್ ಮಾಡಿದಾಗ ನಾನು ಡ್ಯೂಟಿ ಮುಗ್ಸಿ ಡಿಪೋದಲ್ಲಿ ಕಲೆಕ್ಷನ್ ಕಟ್ತಾ ಇದ್ದೆ, ಒಂದು ಕಿವೀಲಿ ಫೋನು, ಕೈಯಲ್ಲಿ ಹತ್ತು ರೂಪಾಯಿ ನೋಟಿನ ಕಟ್ಟು. ನಾನು ಬಸ್ ಕಂಡಕ್ಟರ್ರು ಸರ್, ನಂಗೆ ಬರೆಯಕ್ಕೆ ಬರೋದಂದ್ರೆ ಟಿಕೆಟ್ ಲೆಕ್ಕದ ವೇ ಬಿಲ್ ಒಂದೇ ಅಂದೆ. ಅವ್ರು ಬಿಡ್ಲಿಲ್ಲ. ನಿಮ್ಮ ಬ್ಯಾಚಿನವ್ರು ಎಲ್ರೂ ಗಣಿತದ ಮೇಷ್ಟ್ರ ಹೆಸ್ರು ಹೇಳ್ತಾರೆ, ಅವ್ರ ಬಗ್ಗೆನೇ ಬರೀರಿ ಅಂದ್ರು. ಸರಿ ಅಂತ ಒಪ್ಕೊಂಡೆ. ಆದ್ರೆ ಮೇಷ್ಟ್ರ ಬಗ್ಗೆ ಬರೆಯೋಣ ಅಂತ ಕೂತ್ರೆ ಕಾಪ್ರೇಕರ್ ಬಂದು ಅಡ್ಡ ನಿಲ್ತಾರೆ, ಒಬ್ರನ್ನ ಬಿಟ್ಟು ಇನ್ನೊಬ್ರ ಬಗ್ಗೆ ಬರೆಯಕ್ಕೆ ನನ್ನ ಕೈಲಿ ಆಗಲ್ಲ. ಅದಕ್ಕೆ ಇದು ಇಬ್ರು ಮೇಷ್ಟ್ರ ಕಥೆ. ಒಬ್ರು ನಮ್ಮೂರಿನವ್ರು, ಇನ್ನೊಬ್ರನ್ನ ನಾನು ನೋಡೇ ಇಲ್ಲ.

1986ರ ಮಳೆಗಾಲ. ನಾನಾಗ ಒಂಬತ್ತನೇ ಕ್ಲಾಸು. ನಮ್ಮ ಶಾಲೆ ನೋಡಿದವ್ರಿಗೆ ಗೊತ್ತು, ಮುಂದಿನ ಕಟ್ಟಡಕ್ಕೆ ಹೆಂಚು, ಹಿಂದಗಡೆ ನಮ್ಮ ಕ್ಲಾಸಿಗೆ ಮಾತ್ರ ಶೀಟು. ನಮ್ಮ ಮಲೆನಾಡಲ್ಲಿ ಜುಲೈ ತಿಂಗಳಲ್ಲಿ ಶೀಟಿನ ಕೆಳಗೆ ಕೂತ್ರೆ ಪಕ್ಕದಲ್ಲಿರೋನು ಕೂಗಿದ್ರೂ ಕೇಳಲ್ಲ. ಕನ್ನಡ ಮೇಷ್ಟ್ರು ಅಂಥ ದಿನ ಓದ್ಕೊಳ್ಳಿ ಅಂತ ಕೈಸನ್ನೆ ಮಾಡಿ ಕೂತ್ಬಿಡೋರು. ಗಣಿತದ ಮೇಷ್ಟ್ರು ಹಂಗಲ್ಲ. ಅವತ್ತು ಒಳಗೆ ಬಂದವ್ರೇ ಛತ್ರಿ ಮೂಲೆಗೆ ಇಟ್ಟು, ಪಂಚೆ ಹಿಂಡಿ, ಒಂದು ಮಾತೂ ಆಡ್ದೆ ಬೋರ್ಡಿನ ಮೇಲೆ 1986 ಅಂತ ಬರೆದ್ರು. ತಾರೀಖು ಹಾಕ್ತಿದ್ದಾರೆ ಅಂದ್ಕೊಂಡ್ವಿ. ತಾರೀಖಲ್ಲ. ಅದರ ಕೆಳಗೆ ಅವೇ ಅಂಕಿಗಳನ್ನ ದೊಡ್ಡದ್ರಿಂದ ಚಿಕ್ಕದಕ್ಕೆ ಜೋಡ್ಸಿ 9861, ಅದರ ಕೆಳಗೆ ಚಿಕ್ಕದ್ರಿಂದ ದೊಡ್ಡದಕ್ಕೆ 1689, ಒಂದು ಗೀಟು ಎಳೆದು ಕಳೆದ್ರು. 8172. ಮತ್ತೆ ಅದನ್ನೇ ಜೋಡ್ಸಿದ್ರು, 8721ರಲ್ಲಿ 1278 ಹೋದ್ರೆ 7443. ಆಮೇಲೆ 3996, ಆಮೇಲೆ 6264, ಆಮೇಲೆ 4176, ಕೊನೆಗೆ 6174. ಅದನ್ನೂ ಜೋಡ್ಸಿ ಕಳೆದ್ರು, 7641ರಲ್ಲಿ 1467 ಹೋದ್ರೆ ಮತ್ತೆ 6174. ಸೀಮೆಸುಣ್ಣ ಕೆಳಗಿಟ್ಟು ನಮ್ಮ ಕಡೆ ತಿರುಗಿ ನಾಲ್ಕು ಬೆರಳು ತೋರ್ಸಿದ್ರು. ನೀವೂ ಒಂದೊಂದು ನಾಲ್ಕಂಕಿ ಸಂಖ್ಯೆ ತಗೊಳ್ಳಿ ಅಂತ.

ನನ್ನ ಬಗ್ಗೆ ಒಂದು ಮಾತು ಇಲ್ಲೇ ಹೇಳ್ಬಿಡ್ತೀನಿ. ಗಣಿತದಲ್ಲಿ ನಂಗೆ ಬರ್ತಿದ್ದದ್ದು ಕೂಡೋದು ಕಳೆಯೋದು ಅಷ್ಟೇ. ಬೀಜಗಣಿತ ಶುರುವಾದ ಮೇಲೆ ಎಕ್ಸು ವೈ ಅಂದ್ರೆ ನಂಗೆ ಜ್ವರ ಬರೋದು. ಅಂಗಡಿ ಲೆಕ್ಕ ಬಾಯಲ್ಲಿ ಮಾಡ್ತಿದ್ದೆ, ಅಪ್ಪನ ಅಡಿಕೆ ವ್ಯಾಪಾರದಲ್ಲಿ ತೂಕ ದರ ಕೂಡ್ತಿದ್ದೆ, ಆದ್ರೆ ಪರೀಕ್ಷೇಲಿ 35 ದಾಟ್ತಿರಲಿಲ್ಲ. ಅಂಥ ನನಗೆ ಬರೀ ಕಳೆಯೋ ಲೆಕ್ಕ ಸಿಕ್ತಲ್ಲ ಅಂತ ಖುಷಿಯಾಗಿ ಜೇಬಲ್ಲಿದ್ದ ಬಸ್ ಟಿಕೆಟ್ ತೆಗ್ದೆ, ಅದರ ನಂಬರಿನ ಕೊನೇ ನಾಲ್ಕಂಕಿ 4703. ಒದ್ದೆಯಾಗಿ ಅಂಟ್ಕೊಂಡಿತ್ತು, ಬೆಂಚಿನ ಮೇಲೆ ಹರಡಿ ಓದಿದ್ದೆ. 7430ರಲ್ಲಿ 347 ಹೋದ್ರೆ 7083. 8730ರಲ್ಲಿ 378 ಹೋದ್ರೆ 8352. 8532ರಲ್ಲಿ 2358 ಹೋದ್ರೆ 6174. ಮೂರೇ ಸಲಕ್ಕೆ. ಮೈ ಜುಂ ಅಂತು. ಪಕ್ಕದವನ ಪುಸ್ತಕ ನೋಡಿದ್ರೆ ಅವಂದೂ 6174, ಮುಂದಿನ ಬೆಂಚೂ 6174, ಎಲ್ರೂ ಒಬ್ಬರದ್ದೊಬ್ರು ಇಣುಕಿ ನೋಡಿ ನಗ್ತಾ ಇದ್ದಾರೆ, ಶಬ್ದ ಮಾತ್ರ ಮಳೇದು.

ಎರಡನೇ ಬೆಂಚಿನ ಹುಡುಗಿಯೊಬ್ಬಳು ಎದ್ದು ನಿಂತ್ಲು. ಅವಳದ್ದು ಬಂದಿಲ್ಲ. ಅವಳು ತಗೊಂಡಿದ್ದು 2111. 2111ರಲ್ಲಿ 1112 ಹೋದ್ರೆ 999, ಅದನ್ನ ಹೆಂಗೆ ಜೋಡ್ಸಿದ್ರೂ 999ರಲ್ಲಿ 999 ಹೋಗಿ ಸೊನ್ನೆ. ಮೇಷ್ಟ್ರು ತಪ್ಪಿದ್ರು ಅಂತ ನಮಗೆಲ್ಲಾ ಒಳಗೊಳಗೇ ಕುಶಾಲು. ಮೇಷ್ಟ್ರು ಅವಳ ಪುಸ್ತಕ ಈಸ್ಕೊಂಡು ನೋಡಿ, 999ರ ಹಿಂದೆ ಒಂದು ಸೊನ್ನೆ ಹಾಕಿ ವಾಪಸ್ ಕೊಟ್ರು. 0999. ನಾಲ್ಕಂಕಿ ಆಟಕ್ಕೆ ನಾಲ್ಕಂಕಿ ಇರ್ಲೇಬೇಕಲ್ಲ. 9990ರಲ್ಲಿ 999 ಹೋಗಿ 8991, ಆಮೇಲೆ 8082, 8532, 6174. ಆಗ ಮಳೆ ಸ್ವಲ್ಪ ಹೊಳವಾಯ್ತು, ಮೇಷ್ಟ್ರ ಮೊದಲನೇ ಮಾತು ಕೇಳಿಸ್ತು. "ಮುಂದಿರೋ ಸೊನ್ನೇನ ಯಾವತ್ತೂ ಬಿಡ್ಬೇಡ್ರೋ, ಬೆಲೆ ಇಲ್ಲ ಅಂತ ಬಿಟ್ರೆ ಹಿಂಗೇ ಎಡವಟ್ಟಾಗೋದು."

1111, 2222 ಥರ ನಾಲ್ಕೂ ಒಂದೇ ಅಂಕಿ ಇರೋದು ಮಾತ್ರ ಬೇಡ, ಒಂದೇ ಸಲಕ್ಕೆ ಸೊನ್ನೆ ಆಗ್ಬಿಡುತ್ತೆ. ಬೇರೆ ಯಾವ ಸಂಖ್ಯೆ ತಗೊಂಡ್ರೂ ಹೆಚ್ಚೂ ಅಂದ್ರೆ ಏಳು ಸಲಕ್ಕೆ 6174 ಬಂದೇ ಬರುತ್ತೆ. ಇದನ್ನ ಕಂಡುಹಿಡಿದವ್ರು ಯಾರು ಗೊತ್ತಾ ಅಂತ ಕೇಳಿದ್ರು. ರಾಮಾನುಜನ್ ಅಂತ ಇಡೀ ಕ್ಲಾಸು ಕೂಗ್ತು, ನಮಗೆ ಗೊತ್ತಿದ್ದ ಗಣಿತಜ್ಞ ಅವರೊಬ್ರೇ, ಆಫೀಸ್ ರೂಮಲ್ಲಿ ಫೋಟೋ ಇತ್ತು. "ಅಲ್ಲ ಮಾರಾಯ್ರೇ, ನನ್ನ ಥರ ಹೈಸ್ಕೂಲ್ ಮೇಷ್ಟ್ರು" ಅಂದ್ರು. ಹೇಳೋವಾಗ ಅವ್ರ ಮುಖ ಹೆಂಗಿತ್ತು ಅಂತ ನಂಗೆ ಈಗಲೂ ಕಣ್ಣಿಗೆ ಕಟ್ಟಿದಂಗಿದೆ, ತಮ್ಮ ಸ್ವಂತ ಅಣ್ಣ ಡಿಸಿ ಆಗಿದ್ದಾನೆ ಅಂತ ಹೇಳೋರ ಥರ.

ದತ್ತಾತ್ರೇಯ ರಾಮಚಂದ್ರ ಕಾಪ್ರೇಕರ್. ಹುಟ್ಟಿದ್ದು 1905ರಲ್ಲಿ, ಮುಂಬೈಗೆ ಉತ್ತರಕ್ಕೆ ಸಮುದ್ರದ ದಂಡೇಲಿರೋ ಡಹಾಣೂಲಿ. ಎಂಟು ವರ್ಷದ ಹುಡುಗ ಆಗಿದ್ದಾಗ್ಲೇ ತಾಯಿ ಹೋದ್ರು. ಅಪ್ಪ ಕ್ಲರ್ಕು, ಜ್ಯೋತಿಷ್ಯದ ಹುಚ್ಚು ಇತ್ತಂತೆ, ಕುಂಡಲಿ ಹಾಕ್ಬೇಕಂದ್ರೆ ಲೆಕ್ಕ ಗುಣಿಸ್ಲೇಬೇಕಲ್ಲ, ಅಂಕಿ ಜೊತೆ ಆಡೋದು ಮಗನಿಗೆ ಅಲ್ಲೇ ಅಂಟ್ಕೊಂಡಿದ್ದು. ಹೈಸ್ಕೂಲ್ ಠಾಣೇಲಿ, ಕಾಲೇಜು ಪುಣೆಯ ಫರ್ಗ್ಯುಸನ್. 1927ರಲ್ಲಿ ಕಾಲೇಜಲ್ಲಿರೋವಾಗ್ಲೇ ಸ್ವಂತವಾಗಿ ಮಾಡಿದ ಗಣಿತಕ್ಕೆ ರ್‍ಯಾಂಗ್ಲರ್ ಪರಾಂಜಪೆ ಹೆಸರಿನ ಬಹುಮಾನ ಬಂತು. 1929ಕ್ಕೆ ಡಿಗ್ರಿ ಆಯ್ತು. ಅಲ್ಲಿಗೆ ಓದು ಮುಗೀತು, ಎಂಎ ಇಲ್ಲ, ಪಿಎಚ್‌ಡಿ ಇಲ್ಲ. ನಾಸಿಕ್ ಹತ್ರ ದೇವಳಾಲಿ ಅಂತ ಊರು, ಅಲ್ಲಿ ಸ್ಕೂಲ್ ಮೇಷ್ಟ್ರಾಗಿ ಸೇರಿ 1962ರಲ್ಲಿ ರಿಟೈರ್ ಆಗೋವರೆಗೂ ಅದೇ ಕೆಲಸ.

ಈ ದೇವಳಾಲಿ ಬಗ್ಗೆ ಮೇಷ್ಟ್ರು ಒಂದು ತಮಾಷೆ ಹೇಳ್ತಿದ್ರು, ಆಮೇಲೆ ನೋಡಿದ್ರೆ ಅದು ನಿಜಾನೇ. ಬ್ರಿಟಿಷರ ಕಾಲದಲ್ಲಿ ಅಲ್ಲಿ ಮಿಲಿಟರಿ ಕ್ಯಾಂಪಿತ್ತು, ಸರ್ವಿಸ್ ಮುಗಿದ ಸಿಪಾಯಿಗಳು ಊರಿಗೆ ಹೋಗೋ ಹಡಗಿಗೆ ತಿಂಗಳುಗಟ್ಲೆ ಕಾಯ್ತಾ ಕೂತು ಬಿಸಿಲಿಗೂ ಬೇಜಾರಿಗೂ ತಲೆ ಕೆಡಿಸ್ಕೊಳ್ತಿದ್ರಂತೆ, ಅದಕ್ಕೇ ಇಂಗ್ಲಿಷಲ್ಲಿ ತಲೆ ಕೆಟ್ಟವನಿಗೆ 'ಡೂಲಾಲಿ' ಅನ್ನೋ ಮಾತು ಬಂತು, ದೇವಳಾಲಿ ಹೋಗಿ ಡೂಲಾಲಿ. ಅಂಥ ಊರಲ್ಲಿ ಒಬ್ಬ ಮೇಷ್ಟ್ರು ಮೂವತ್ತು ವರ್ಷ ಬರೀ ಸಂಖ್ಯೆ ಕೂಡ್ತಾ ಕಳೀತಾ ಕೂತ್ರೆ ಜನ ಏನಂದಿರಬಹುದು ಹೇಳಿ. ದೊಡ್ಡ ಗಣಿತದವ್ರು ಸುಮಾರು ಜನ ನಕ್ಕಿದ್ದೂ ಹೌದು, ಇದೆಲ್ಲ ಮಕ್ಕಳಾಟ ಅಂತ. ಕಾಪ್ರೇಕರ್ ಅದಕ್ಕೆಲ್ಲಾ ತಲೆ ಕೆಡಿಸ್ಕೊಂಡವ್ರಲ್ಲ. ಕುಡುಕನಿಗೆ ಕುಡೀತಾನೇ ಇರ್ಬೇಕು ಅನ್ಸುತ್ತಲ್ಲ, ಸಂಖ್ಯೆ ವಿಷಯದಲ್ಲಿ ನಾನೂ ಹಂಗೇ ಅಂತ ಅವರೇ ಹೇಳ್ಕೊಂಡಿದ್ರಂತೆ. ನಮ್ಮ ಮೇಷ್ಟ್ರು ಕುಡಿತದ ಮಾತನ್ನ ಕ್ಲಾಸಲ್ಲಿ ಹೇಳ್ಲಿಲ್ಲ ಬಿಡಿ, ಇದು ನಂಗೆ ಆಮೇಲೆ ಗೊತ್ತಾಗಿದ್ದು. ಒಂಬತ್ತನೇ ಕ್ಲಾಸಲ್ಲೇ ಹೇಳಿದ್ರೆ ನಮಗೆ ಇನ್ನೂ ಚೆನ್ನಾಗಿ ಅರ್ಥ ಆಗ್ತಿತ್ತು, ಊರಲ್ಲಿ ಉದಾಹರಣೆಗೇನೂ ಕೊರತೆ ಇರಲಿಲ್ಲ.

6174 ಅವ್ರಿಗೆ ಸಿಕ್ಕಿದ್ದು 1946ರಲ್ಲಿ. 1949ರಲ್ಲಿ ಮದ್ರಾಸಿನ ಗಣಿತ ಸಮ್ಮೇಳನದಲ್ಲಿ ಹೇಳಿದ್ರು, ಆಮೇಲೆ ಅಮೆರಿಕದ ಸ್ಕ್ರಿಪ್ಟಾ ಮ್ಯಾಥಮ್ಯಾಟಿಕಾ ಅನ್ನೋ ಪತ್ರಿಕೇಲೂ ಬಂತು. ಪತ್ರಿಕೆಯವ್ರು ಹಾಕದೇ ಇದ್ದದ್ದನ್ನ ತಾವೇ ದುಡ್ಡು ಹಾಕಿ ಸಣ್ಣ ಸಣ್ಣ ಪುಸ್ತಕ ಅಚ್ಚು ಹಾಕ್ಸೋರು, ಪ್ರಕಾಶಕರು ಅನ್ನೋ ಜಾಗದಲ್ಲಿ ದೇವಳಾಲಿಯ ತಮ್ಮ ವಿಳಾಸವನ್ನೇ ಹಾಕ್ತಿದ್ರು. ಮೇಷ್ಟ್ರ ಸಂಬಳದಲ್ಲಿ. ಇಷ್ಟೆಲ್ಲಾ ಆಗಿ ಲೋಕಕ್ಕೆ ಗೊತ್ತಾಗಿದ್ದು ಯಾವಾಗ ಅಂದ್ರೆ 1975ರ ಮಾರ್ಚಲ್ಲಿ, ಮಾರ್ಟಿನ್ ಗಾರ್ಡ್ನರ್ ಅನ್ನೋರು ಸೈಂಟಿಫಿಕ್ ಅಮೆರಿಕನ್ ಪತ್ರಿಕೇಲಿ ಗಣಿತದ ಆಟಗಳ ಅಂಕಣ ಬರೀತಿದ್ರಲ್ಲ, ಅದ್ರಲ್ಲಿ ಇವ್ರ ಬಗ್ಗೆ ಬರೆದಾಗ. ಆಗ ಅವ್ರಿಗೆ ಎಪ್ಪತ್ತು ವರ್ಷ. ಆ ಸಂಚಿಕೆ ಶಿವಮೊಗ್ಗದ ಯಾವುದೋ ಕಾಲೇಜಿನ ಲೈಬ್ರರಿಯಿಂದ ಕೈಬದಲಾಗಿ ನಮ್ಮ ಮೇಷ್ಟ್ರ ಕೈಗೆ ಬಂದಿತ್ತು, ಅವ್ರು ಅದನ್ನ ವಾಪಸ್ ಕೊಡೋ ಮುಂಚೆ ರೂಲ್ಡ್ ನೋಟ್‌ಬುಕ್ಕಲ್ಲಿ ಪೂರ್ತಿ ನಕಲು ಮಾಡಿಟ್ಕೊಂಡಿದ್ರು. ಜೆರಾಕ್ಸು ಅನ್ನೋದು ಆಗ ನಮ್ಮ ಕಡೆ ಎಲ್ಲಿತ್ತು.

ಆ ನೋಟ್‌ಬುಕ್ ಅವ್ರ ಕೈಲಿ ಯಾವಾಗ್ಲೂ ಇರೋದು, ಮಳೆ ಜೋರಾದ ದಿನ ಬಿಚ್ಚೋರು. ಹಂಗೆ ನಮಗೆ ಕಾಪ್ರೇಕರ್ ಅವ್ರ ಸಂಖ್ಯೆಗಳೆಲ್ಲಾ ಒಂದೊಂದಾಗಿ ಪರಿಚಯ ಆಗಿದ್ದು. 45ರ ವರ್ಗ 2025, ಅದನ್ನ ಮಧ್ಯಕ್ಕೆ ಮುರ್ದು 20 ಮತ್ತೆ 25 ಕೂಡಿದ್ರೆ ವಾಪಸ್ 45. 55ರ ವರ್ಗ 3025, ಅಲ್ಲೂ ಹಂಗೇ. 297ರ ವರ್ಗ 88209, ಅದ್ರಲ್ಲಿ 88 ಮತ್ತೆ 209 ಸೇರಿದ್ರೆ 297. ಇವಕ್ಕೆ ಕಾಪ್ರೇಕರ್ ಸಂಖ್ಯೆ ಅಂತ್ಲೇ ಹೆಸರು. (ಈ ಸಂಚಿಕೆ ಬರ್ತಿರೋದು 2025ರಲ್ಲಿ ಅಂತ ಹೆಡ್‌ಮೇಷ್ಟ್ರು ಹೇಳಿದಾಗ ನಾನು ಫೋನಲ್ಲೇ ನಕ್ಕಿದ್ದು ಯಾಕೆ ಅಂತ ಅವ್ರಿಗೆ ಗೊತ್ತಾಗಿರ್ಲಿಕ್ಕಿಲ್ಲ, ಈಗ ಗೊತ್ತಾಗುತ್ತೆ.) ಆಮೇಲೆ ಹರ್ಷದ ಸಂಖ್ಯೆ. ಹರ್ಷ ಕೊಡೋದು ಹರ್ಷದ, ಈ ಹೆಸರೂ ಕಾಪ್ರೇಕರ್ ಅವರೇ ಇಟ್ಟಿದ್ದು. ಒಂದು ಸಂಖ್ಯೆಯ ಅಂಕಿಗಳನ್ನ ಕೂಡಿ, ಆ ಮೊತ್ತದಿಂದ ಅದೇ ಸಂಖ್ಯೇನ ಭಾಗಿಸಿದ್ರೆ ಶೇಷ ಉಳೀಬಾರ್ದು. 6174 ತಗೊಂಡ್ರೆ ಮೊತ್ತ 18, ಭಾಗಿಸಿದ್ರೆ ಸರಿಯಾಗಿ 343, ಅದು ಏಳರ ಘನ. ರಾಮಾನುಜನ್ ಅವ್ರ 1729 ಕೂಡ ಹರ್ಷದಾನೇ, ಮೊತ್ತ 19, ಭಾಗಿಸಿದ್ರೆ 91. 19 ತಿರುವಿ ಹಾಕಿದ್ರೆ 91. ನಾವು ಕ್ಲಾಸಲ್ಲಿ ಎಲ್ರ ರೋಲ್ ನಂಬರಿಗೂ ಇದನ್ನ ಹಾಕಿ ಯಾರು ಹರ್ಷದ, ಯಾರು ದುಃಖದ ಅಂತ ಪಟ್ಟಿ ಮಾಡಿದ್ವಿ, ನಂದು 23, ದುಃಖದ.

ಆ 23ರಿಂದಲೇ ಇನ್ನೊಂದು ಆಟ. ಸಂಖ್ಯೆಗೆ ಅದರದ್ದೇ ಅಂಕಿಗಳನ್ನ ಕೂಡ್ತಾ ಹೋಗೋದು. 23ಕ್ಕೆ 2 ಮತ್ತೆ 3 ಸೇರಿದ್ರೆ 28, 28ಕ್ಕೆ ಹತ್ತು ಸೇರಿ 38, ಆಮೇಲೆ 49, 62, 70, 77, 91, 101, ಹಿಂಗೇ ರೈಲು ಓಡ್ತಾ ಇರುತ್ತೆ. 101ಕ್ಕೆ 91ರಿಂದ್ಲೂ ಬರಬಹುದು, 100ರಿಂದ್ಲೂ ಬರಬಹುದು, ಎರಡು ದಾರಿ ಸೇರೋ ಅಂಥದ್ದಕ್ಕೆ ಜಂಕ್ಷನ್ ಅಂತ ಹೆಸರು. ಆದ್ರೆ 20ಕ್ಕೆ ಯಾವ ಸಂಖ್ಯೆಯಿಂದ್ಲೂ ಬರಕ್ಕಾಗಲ್ಲ, ಮಾಡಿ ನೋಡಿ. 31ಕ್ಕೂ ಬರಕ್ಕಾಗಲ್ಲ, 42ಕ್ಕೂ ಇಲ್ಲ, 53ಕ್ಕೂ ಇಲ್ಲ. ಹಿಂದೆ ಯಾರೂ ಇಲ್ದೆ ತಾನಾಗೇ ಹುಟ್ಟಿದ ಸಂಖ್ಯೆಗಳು, ಅದಕ್ಕೆ ಸ್ವಯಂಭೂ ಅಂತ ಮೇಷ್ಟ್ರು ಹೇಳೋರು, ನಮ್ಮೂರ ಈಶ್ವರನ ಗುಡೀಲಿರೋ ಲಿಂಗ ಸ್ವಯಂಭೂ ಅಲ್ವಾ ಹಂಗೆ. ಕಾಪ್ರೇಕರ್ ಇಂಥವಕ್ಕೆ ತಮ್ಮ ಊರಿನ ಹೆಸರೇ ಇಟ್ಟಿದ್ರು, ದೇವಳಾಲಿ ಸಂಖ್ಯೆ ಅಂತ. ಇದು ನಂಗೆ ಬಹಳ ಹಿಡಿಸಿದ ವಿಷಯ. ದೊಡ್ಡವ್ರೆಲ್ಲಾ ಗ್ರೀಕು ಲ್ಯಾಟಿನ್ನು ಹೆಸರು ಇಡೋವಾಗ ಇವ್ರು ತಮ್ಮೂರ ಹೆಸರಿಟ್ರು. ಇನ್ನೊಂದಕ್ಕೆ ಡೆಮ್ಲೋ ಸಂಖ್ಯೆ ಅಂತ ಹೆಸರು, 1, 121, 12321 ಇವೆಲ್ಲಾ ಆ ಜಾತಿಯವು, ಅದೂ ಒಂದು ರೈಲ್ವೇ ಸ್ಟೇಷನ್ ಹೆಸರು. ಈಗ ಡೊಂಬಿವಲಿ ಅಂತೀವಲ್ಲ, ಮುಂಬೈ ಹತ್ರ, ಅಲ್ಲೇ ಅವ್ರಿಗೆ ಅದು ಹೊಳೆದಿದ್ದಂತೆ.

ಕಾರ್ಡಿನ ವಿಷಯಕ್ಕೆ ಬರ್ತೀನಿ. ಆ ಎರಡನೇ ಬೆಂಚಿನ ಹುಡುಗಿ ಸುಮ್ನಿರೋಳಲ್ಲ. ನಾಲ್ಕಂಕಿಗೆ 6174 ಆದ್ರೆ ಐದಂಕಿಗೆ ಏನು ಅಂತ ಕೇಳಿದ್ಲು. ಮೇಷ್ಟ್ರಿಗೆ ಗೊತ್ತಿರಲಿಲ್ಲ. ಗೊತ್ತಿಲ್ಲ ಅಂತ ನೇರವಾಗಿ ಹೇಳಿದ್ರು. ನಾವು ಎರಡು ದಿನ ಐದಂಕಿ ಕಳೆದೂ ಕಳೆದೂ ಎಲ್ಲೂ ನಿಲ್ಲದೇ ಸುಸ್ತಾದ್ವಿ. ಆಗ ಅವಳೇ, ಅವ್ರನ್ನೇ ಕೇಳೋಣ ಸರ್, ಇದ್ದಾರಲ್ಲ ಅಂದ್ಲು. "ಇದ್ದಾರೆ ಇದ್ದಾರೆ, ದೇವಳಾಲೀಲೇ ಇದ್ದಾರೆ" ಅಂತ ಮೇಷ್ಟ್ರು ಎದುರು ಮನೆಯವ್ರ ಬಗ್ಗೆ ಹೇಳೋ ಥರ ಹೇಳಿದ್ರು. ಹದಿನೈದು ಪೈಸೆ ಕಾರ್ಡು ತರಿಸಿದ್ರು. ಇಂಗ್ಲಿಷಲ್ಲಿ ಮೇಷ್ಟ್ರು ಬರೆದ್ರು, ಕೆಳಗೆ ಜಾಗ ಇದ್ದಷ್ಟು ನಾವೆಲ್ಲಾ ನಮ್ಮ ನಮ್ಮ ನಾಲ್ಕಂಕಿ ಬರೆದು ಪಕ್ಕದಲ್ಲಿ ಎಷ್ಟು ಸಲಕ್ಕೆ 6174 ಬಂತು ಅಂತ ಹಾಕಿದ್ವಿ. ನಂದು 4703, ಮೂರು ಸಲ. ವಿಳಾಸದಲ್ಲಿ ಹೆಸರು, ಗಣಿತಜ್ಞರು, ದೇವಳಾಲಿ, ನಾಸಿಕ್ ಜಿಲ್ಲೆ ಅಷ್ಟೇ. ಪೋಸ್ಟ್‌ಮ್ಯಾನಿಗೆ ಗೊತ್ತಿರ್ತಾರೆ ಬಿಡ್ರೋ ಅಂದ್ರು ಮೇಷ್ಟ್ರು. ಬಸ್‌ಸ್ಟ್ಯಾಂಡ್ ಹತ್ರ ಇದ್ದ ಕೆಂಪು ಡಬ್ಬಕ್ಕೆ ಹಾಕಿದವನು ನಾನೇ.

ಉತ್ತರ ಬರ್ಲಿಲ್ಲ. ದಸರಾ ರಜ ಮುಗೀತು, ಬರ್ಲಿಲ್ಲ. ಅರ್ಧವಾರ್ಷಿಕ ಆಯ್ತು, ಬರ್ಲಿಲ್ಲ. ಪೋಸ್ಟ್‌ಮ್ಯಾನ್ ಸೈಕಲ್ ಗಂಟೆ ಕೇಳಿದ್ರೆ ಇಡೀ ಕ್ಲಾಸು ಕಿಟಕಿ ಕಡೆ ತಿರುಗೋದು ಮಾತ್ರ ವರ್ಷ ಪೂರ್ತಿ ನಡೀತು. ವಯಸ್ಸಾಗಿದೆ, ಪಾಪ, ಎಷ್ಟು ಕಾಗದಕ್ಕೆ ಅಂತ ಬರೀತಾರೆ ಅಂತ ಮೇಷ್ಟ್ರು ಸಮಾಧಾನ ಹೇಳೋರು, ಆದ್ರೆ ಅವರೂ ಕಿಟಕಿ ನೋಡ್ತಿದ್ರು.

ಎಸ್ಸೆಸ್ಸೆಲ್ಸಿ ಗಣಿತದಲ್ಲಿ ನಂಗೆ 41 ಬಂತು. ಪಿಯುಸಿ ಅರ್ಧಕ್ಕೆ ನಿಂತೋಯ್ತು, ಅಪ್ಪನ ವ್ಯಾಪಾರ ಮುಳುಗಿತ್ತು. ಕೆಲವು ವರ್ಷ ಅಲ್ಲಿ ಇಲ್ಲಿ ಇದ್ದು ಕೊನೆಗೆ ಬಸ್ಸಿಗೆ ಕಂಡಕ್ಟರ್ ಆಗಿ ಸೇರಿದೆ. ಆಗೆಲ್ಲಾ ಈ ಮಿಷಿನ್ನು ಇರಲಿಲ್ಲ, ಟ್ರೇ ತುಂಬಾ ಬಣ್ಣ ಬಣ್ಣದ ಟಿಕೆಟ್ ಕಟ್ಟು, ಪ್ರತಿಯೊಂದಕ್ಕೂ ನಂಬರು, ಟ್ರಿಪ್ ಶುರುವಾಗೋವಾಗ ಯಾವ ನಂಬರು, ಮುಗಿಯೋವಾಗ ಯಾವ ನಂಬರು, ಕಳೆದು ವೇ ಬಿಲ್ಲಲ್ಲಿ ಬರೀಬೇಕು. ಕಳೆಯೋದೇ ಕೆಲಸ. ಸೇರಿದ ಮೊದಲನೇ ವಾರ ಟಿಕೆಟ್ ಕಟ್ಟಿನ ಮೇಲೆ ನಾಲ್ಕಂಕಿ ನೋಡ್ದಾಗ ಕೈ ತಾನಾಗೇ ದೊಡ್ಡದ್ರಿಂದ ಚಿಕ್ಕದಕ್ಕೆ ಜೋಡಿಸ್ತು. ಅಲ್ಲಿಂದ ಅದೇ ಚಟ. ನೈಟ್ ಹಾಲ್ಟ್ ಅಂದ್ರೆ ಡ್ರೈವರ್ ಊಟ ಮಾಡಿ ಬಸ್ಸಿನ ಸೀಟಲ್ಲೇ ಮಲಗಿಬಿಡೋನು, ನಾನು ದೇವಸ್ಥಾನದ ಜಗುಲೀಲೋ ಪಂಚಾಯ್ತಿ ಕಟ್ಟೆ ಮೇಲೋ ಕೂತು ಹಳೇ ವೇ ಬಿಲ್ ಕಾಗದದ ಬೆನ್ನಿಗೆ ಕಳೀತಾ ಇರ್ತಿದ್ದೆ. ಒಂದ್ಸಲ ಚೆಕಿಂಗಿಗೆ ಬಂದವ್ರು ಆ ಕಾಗದ ನೋಡಿ ಇದೇನಯ್ಯಾ ಕಳ್ಳ ಲೆಕ್ಕ ಅಂತ ಹಿಡ್ಕೊಂಡ್ರು. ನಾಲ್ಕೈದು ಸಲ ಕಳೆದು ತೋರ್ಸಿದೆ, ಅವ್ರೂ ತಮ್ಮ ಬೈಕಿನ ನಂಬರ್ ಹಾಕಿ ನೋಡಿದ್ರು, 6174 ಬಂತು, ತಲೆ ಕೆರ್ಕೊಂಡು ಜೀಪ್ ಹತ್ತಿ ಹೋದ್ರು. ಹೋಗೋ ಮುಂಚೆ ಎಲ್ಲಾ ಟಿಕೆಟ್ಟೂ ಎಣಿಸಿದ್ರು ಅನ್ನೋದು ಬೇರೆ ಮಾತು.

ಯಾಕೆ ಹಿಂಗೆ ಬರುತ್ತೆ ಅನ್ನೋದು ನನ್ನ ತಲೇಲಿ ಕೂತಿತ್ತು. ಮೇಷ್ಟ್ರು ಅವತ್ತೇ ಹೋಮ್‌ವರ್ಕ್ ಕೊಟ್ಟಿದ್ರು, ನಾಲ್ಕಂಕಿ ಕಷ್ಟ, ಮೂರಂಕಿಗೆ 495 ಬರುತ್ತೆ, ಅದು ಯಾಕೆ ಅಂತ ಬರ್ಕೊಂಡು ಬನ್ನಿ, ಐದು ಮಾರ್ಕು. ಯಾರೂ ಬರ್ಕೊಂಡು ಹೋಗ್ಲಿಲ್ಲ. ಎಕ್ಸು ವೈ ಬೇಕಾಗುತ್ತೆ ಅಂತ ನಾನಂತೂ ಆ ಕಡೆ ತಲೆ ಹಾಕ್ಲಿಲ್ಲ. ಸುಮಾರು ಹದಿನೈದು ವರ್ಷ ಆದ್ಮೇಲೆ ಒಂದು ರಾತ್ರಿ, ಕರೆಂಟಿಲ್ಲ, ಬಸ್ಸಿನ ಒಳಗಿನ ಲೈಟ್ ಹಾಕ್ಕೊಂಡು ಕೂತಿದ್ದೆ, ಚಿಲ್ಲರೆ ವಿಂಗಡಿಸ್ತಾ. ಐದರ ನೋಟು ಒಂದ್ಕಡೆ, ನೂರರದ್ದು ಒಂದ್ಕಡೆ. ಆಗ ಹೊಳೀತು. ಮೂರಂಕಿ ಸಂಖ್ಯೆ ಅಂದ್ರೆ ನೂರರ ನೋಟಿಷ್ಟು, ಹತ್ತರ ನೋಟಿಷ್ಟು, ಒಂದು ರೂಪಾಯಿ ಇಷ್ಟು. ತಿರುವಿ ಹಾಕಿ ಕಳೆದ್ರೆ ಮಧ್ಯದ ಹತ್ತರ ನೋಟು ಎರಡು ಕಡೇನೂ ಅಷ್ಟೇ ಇರುತ್ತಲ್ಲ, ಹೊಡೆದುಹೋಗುತ್ತೆ. ಉಳಿಯೋದು ದೊಡ್ಡ ಅಂಕಿಗೂ ಚಿಕ್ಕ ಅಂಕಿಗೂ ಇರೋ ವ್ಯತ್ಯಾಸ ಮಾತ್ರ, ಅದು ನೂರರಲ್ಲಿ ಒಂದ್ಸಲ ಸೇರಿ ಒಂದರಲ್ಲಿ ಒಂದ್ಸಲ ಹೋಗುತ್ತೆ, ಅಂದ್ರೆ 99ರ ಮಗ್ಗಿ. ವ್ಯತ್ಯಾಸ ಒಂದರಿಂದ ಒಂಬತ್ತರವರೆಗೆ ಮಾತ್ರ ಇರಕ್ಕೆ ಸಾಧ್ಯ. ಹಂಗಾದ್ರೆ ಎಷ್ಟು ನೂರು ಸಂಖ್ಯೆ ತಗೊಂಡ್ರೂ ಮೊದಲನೇ ಕಳೆಯೋದ್ರಲ್ಲೇ ಎಲ್ಲಾ ಒಂಬತ್ತು ಬಾಗಿಲಲ್ಲಿ ನುಗ್ಗಬೇಕು! ಆ ಒಂಬತ್ತನ್ನೂ ಕಳೆದು ನೋಡಿದೆ. 891 ಹೋಗಿ 792, 792 ಹೋಗಿ 693, 693 ಹೋಗಿ 594, 594 ಹೋಗಿ 495. ಮಿಕ್ಕಿದ್ದೆಲ್ಲಾ ಇದೇ ಸಾಲಿಗೆ ಬಂದು ಸೇರ್ಕೊಳ್ತಾವೆ. ಡ್ರೈವರನ್ನ ಎಬ್ಬಿಸಿ ಹೇಳಿದೆ. ಅವನು ಹೇಳಿದ್ದನ್ನ ಶಾಲೆ ಸಂಚಿಕೇಲಿ ಬರೆಯಕ್ಕಾಗಲ್ಲ.

ನಾಲ್ಕಂಕೀದು ಗುಟ್ಟೂ ಇದೇ, ಸ್ವಲ್ಪ ಜಾಸ್ತಿ ಕೆಲಸ ಅಷ್ಟೇ. ಅಲ್ಲಿ ಎರಡು ವ್ಯತ್ಯಾಸ ಉಳಿಯುತ್ತೆ, ತುದೀದು ಒಂದು, ಮಧ್ಯದ್ದು ಒಂದು, ಮೊದಲನೇದನ್ನ 999ರಿಂದ, ಎರಡನೇದನ್ನ 90ರಿಂದ ಗುಣಿಸಿ ಕೂಡಿದ್ರೆ ಮುಗೀತು. ಮಧ್ಯದ್ದು ತುದೀದಕ್ಕಿಂತ ದೊಡ್ಡದಾಗಕ್ಕೆ ಆಗಲ್ಲ. ಹಂಗೆ ಎಣಿಸಿದ್ರೆ, ನಾಲ್ಕೂ ಒಂದೇ ಅಂಕಿ ಇರೋವು ಬಿಟ್ಟು, 0001ರಿಂದ 9998ರವರೆಗಿನ ಸಂಖ್ಯೆಗಳೆಲ್ಲಾ ಒಂದೇ ಸಲಕ್ಕೆ ಬರೀ 54 ಉತ್ತರಕ್ಕೆ ಬಂದು ಬೀಳ್ತಾವೆ, ಸೀಸನ್ನಲ್ಲಿ ಸಾವಿರ ಜನ ಬಂದ್ರೂ ಬಸ್ಸಿಗೆ 54 ಸೀಟೇ ಅನ್ನೋ ಹಂಗೆ. ಆಮೇಲೆ ಆ 54ನ್ನ ಓಡಿಸಿ ನೋಡೋದು. ತುಂಬಾ ದೂರ ಹೋಗೋದು 2005ರಂಥವು, 5175, 5994, 5355, 1998, 8082, 8532, 6174, ಪೂರ್ತಿ ಏಳು ಸ್ಟಾಪು.

ನನ್ನ ಅಕ್ಕನ ಮಗ ಎಂಎಸ್ಸಿ ಗಣಿತ ಮಾಡಿದಾನೆ, ಅವನಿಗೆ ಇದೆಲ್ಲಾ ಅಷ್ಟಕ್ಕಷ್ಟೇ. ಮಾವ, ಇದು ಹತ್ತರ ಲೆಕ್ಕದಲ್ಲಿ ಬರೀತೀವಿ ಅಂತ ಹಿಂಗೆ ಬರೋದು, ಎಂಟರ ಲೆಕ್ಕದಲ್ಲೋ ಹನ್ನೆರಡರ ಲೆಕ್ಕದಲ್ಲೋ ಬರೆದ್ರೆ ಬೇರೆ ಆಗುತ್ತೆ, ಸಂಖ್ಯೆಯ ಗುಣ ಅಲ್ಲ ಇದು, ಬರೆಯೋ ರೀತಿಯ ಗುಣ ಅಂತಾನೆ. ಅವನು ಹೇಳೋದು ಸರೀನೇ, ದೊಡ್ಡವ್ರು ನಕ್ಕಿದ್ದೂ ಇದಕ್ಕೇ ಇರಬೇಕು. ಕಾಪ್ರೇಕರನ್ನ ರಾಮಾನುಜನ್ ಪಕ್ಕ ಕೂರಿಸಿ ಅಂತ ನಾನೇನೂ ಹೇಳ್ತಿಲ್ಲ. ಆದ್ರೆ ರಾಮಾನುಜನ್ ಅವ್ರ ಒಂದು ಸಾಲು ಕೂಡ ನಂಗೆ ಓದಕ್ಕೆ ಬರಲ್ಲ, ಕಾಪ್ರೇಕರ್ ಅವ್ರದ್ದನ್ನ ನಾನು ಟಿಕೆಟ್ ಹಿಂದೆ ಮಾಡಿ ನೋಡಿದೀನಿ. ಮತ್ತೆ ನಾನು ಚಿಲ್ಲರೆ ಕೊಡೋದೂ ಹತ್ತರ ಲೆಕ್ಕದಲ್ಲೇ, ಎಂಟರಲ್ಲಲ್ಲ. ಆ ಐದಂಕಿ ಪ್ರಶ್ನೆಗೆ ಉತ್ತರ ಸಿಕ್ಕಿದ್ದೂ ಇವನಿಂದ್ಲೇ, ಕಂಪ್ಯೂಟರಲ್ಲಿ ಹಾಕಿ ತೋರ್ಸಿದ. ಐದಂಕಿಗೆ ನಿಲ್ಲೋ ಜಾಗಾನೇ ಇಲ್ಲ, ಸುತ್ತುತ್ತೆ. ಒಂದು ಸುತ್ತಲ್ಲಿ 53955 ಹೋಗಿ 59994, 59994 ಹೋಗಿ ಮತ್ತೆ 53955, ಶಟಲ್ ಬಸ್ಸು. ಬೇರೆ ಎರಡು ಸುತ್ತಲ್ಲಿ ನಾಲ್ಕು ನಾಲ್ಕು ಸ್ಟಾಪು. ನಾವು ಒಂಬತ್ತನೇ ಕ್ಲಾಸಲ್ಲಿ ಎರಡು ದಿನ ಸುಸ್ತಾಗಿದ್ದು ತಪ್ಪಾಗಿ ಕಳೆದಿದ್ದಕ್ಕಲ್ಲ ಅಂತ ಆಗ ಗೊತ್ತಾಯ್ತು.

ಕೆಲವು ವರ್ಷದ ಹಿಂದೆ ಮನೆಯವ್ರೆಲ್ಲಾ ಸೇರಿ ಶಿರಡಿ, ನಾಸಿಕ್, ತ್ರ್ಯಂಬಕೇಶ್ವರ ಅಂತ ಹೋಗಿದ್ವಿ. ವಾಪಸ್ ಬರೋವಾಗ ನಾಸಿಕ್ ರೋಡಲ್ಲಿ ಮುಂಬೈ ಕಡೆ ರೈಲು ಹತ್ತಿ ಕೂತು ಇನ್ನೂ ಚೀಲ ಮೇಲಿಟ್ಟಿರಲಿಲ್ಲ, ಕಿಟಕಿ ಹೊರಗೆ ಹಳದಿ ಬೋರ್ಡು ಬಂತು. ದೇವಳಾಲಿ. ನಾಸಿಕ್ ಆದ್ಮೇಲೆ ಮೊದಲನೇ ಸ್ಟೇಷನ್ನೇ ಅದು ಅಂತ ನಂಗೆ ಗೊತ್ತೇ ಇರಲಿಲ್ಲ. ಮರಾಠಿಯ ಆ 'ಳ' ನಮ್ಮ ಕನ್ನಡದ ಥರಾನೇ ಬಾಯಿಗೆ ಬರುತ್ತೆ. ಬಾಗಿಲ ಹತ್ರ ಓಡಿದೆ. ಇಳಿಯಕ್ಕೆ ಸಮಯ ಇರಲಿಲ್ಲ, ಇಳಿದ್ರೂ ಯಾರನ್ನ ಏನಂತ ಕೇಳೋದು. ಮಗಳು ಫೋನಲ್ಲಿ ಹುಡುಕಿ ಓದಿದ್ಲು, ರಿಟೈರ್ ಆದ್ಮೇಲೆ ಪೆನ್ಷನ್ ಸಾಲದೆ ಗಣಿತ ವಿಜ್ಞಾನದ ಟ್ಯೂಷನ್ ಹೇಳ್ತಾ ಜೀವನ ಮಾಡಿದ್ರಂತೆ, 1966ರಲ್ಲಿ ಹೆಂಡ್ತಿ ತೀರ್ಕೊಂಡ್ರಂತೆ. ಆಮೇಲೆ ಒಂದು ನಿಮಿಷ ಬಿಟ್ಟು, ಅಪ್ಪಾ, ಇವ್ರು ತೀರ್ಕೊಂಡಿದ್ದು 1986ರಲ್ಲಂತೆ ಅಂದ್ಲು.

ನಾವು ಕಾರ್ಡ್ ಹಾಕಿದ ವರ್ಷ.

ಕಾರ್ಡು ಹೋಗೋ ಹೊತ್ತಿಗೆ ಇದ್ರೋ ಇರ್ಲಿಲ್ವೋ. ಇಗತಪುರಿ ಬಂತು, ಎಲ್ರೂ ವಡಾಪಾವ್ ತಿಂದ್ರು, ನಂಗೆ ಇಳೀಲಿಲ್ಲ. ಕಸಾರಾ ಘಾಟಿ ಇಳಿದು ಕಲ್ಯಾಣ್ ದಾಟಿದ್ಮೇಲೆ ಡೊಂಬಿವಲಿ ಬಂತು, ಅವ್ರ ಡೆಮ್ಲೋ. ಅದಾಗಿ ಠಾಣೆ, ಅವ್ರು ಹೈಸ್ಕೂಲ್ ಓದಿದ್ದು. ಆ ಮನುಷ್ಯನ ಬದುಕಿನ ಮೂರು ಜಾಗ ಒಂದೇ ಲೈನಿನ ಮೇಲೆ ಸ್ಟೇಷನ್ ಸ್ಟೇಷನ್ ಆಗಿ ಬಂದು ಹೋದ್ವು, ನಾನು ಬಾಗಿಲಲ್ಲೇ ನಿಂತಿದ್ದೆ.

ಊರಿಗೆ ಬಂದವನೇ ಮೇಷ್ಟ್ರ ಮನೆಗೆ ಹೋದೆ. ಎಂಬತ್ತು ದಾಟಿತ್ತು, ಕಿವಿ ಮಂದ ಆಗಿತ್ತು, ಕಣ್ಣು ಚೆನ್ನಾಗಿತ್ತು. ವಿಷಯ ಹೇಳಿದೆ. ಕೇಳಿಸ್ಲಿಲ್ಲ ಅಂದ್ಕೊಂಡು ಕಾಗದದ ಮೇಲೆ 1986 ಅಂತ ಬರೆದು ತೋರ್ಸಿದೆ. ತುಂಬಾ ಹೊತ್ತು ನೋಡಿದ್ರು. ಆಮೇಲೆ ಪೆನ್ನು ಈಸ್ಕೊಂಡು ಅದರ ಕೆಳಗೆ 9861 ಅಂತ ಬರೆದು, ಅಲ್ಲಿಗೇ ನಿಲ್ಸಿ, ಪೆನ್ನು ವಾಪಸ್ ಕೊಟ್ರು. ಅಮ್ಮ ಕಾಫಿ ತಂದ್ರು. ಏನು ಮಾತಾಡ್ಬೇಕು ಅಂತ ಗೊತ್ತಾಗದೆ ನಾನು ಜೇಬಲ್ಲಿಟ್ಕೊಂಡಿದ್ದ ಇನ್ನೊಂದು ಕಾಗದ ಮುಂದೆ ಇಟ್ಟೆ. ಹಳೇ ವೇ ಬಿಲ್ಲು, ಬೆನ್ನಿಗೆ ಆ 495ರ ಲೆಕ್ಕ, ನೂರರ ನೋಟು ಹತ್ತರ ನೋಟು ಎಲ್ಲಾ ಚಿತ್ರ ಬರೆದು ವಿವರ್ಸಿದ್ದು, ಹೋಮ್‌ವರ್ಕು ಸರ್ ಅಂತ ಜೋರಾಗಿ ಕೂಗಿದೆ. ಕೇಳಿಸ್ತು. ಕನ್ನಡಕ ಹಾಕ್ಕೊಂಡು ಬೆರಳಿಟ್ಟು ಸಾಲು ಸಾಲಾಗಿ ಓದಿದ್ರು, ಕಾಫಿ ಆರೋಯ್ತು. ಕೊನೇಲಿ ಒಳಗಿಂದ ಕೆಂಪು ಪೆನ್ನು ತರಿಸಿ 99 ಅಂತ ನಾನು ಬರೆದ ಕಡೆ ಹಿಂದೆ ಒಂದು ಸೊನ್ನೆ ಹಾಕಿ 099 ಮಾಡಿ, ಮೂಲೇಲಿ ಗುಂಡು ಸುತ್ತಿ ನಾಲ್ಕೂವರೆ ಅಂತ ಬರೆದ್ರು.

"ಅರ್ಧ ಮಾರ್ಕು ಯಾಕೆ ಹೋಯ್ತು ಗೊತ್ತಾಯ್ತಲ್ಲ?" ಅಂದ್ರು.

ಆ ಕಾಗದ ಈ ಲೇಖನದ ಜೊತೇಗೆ ಕಳಿಸ್ತಿದೀನಿ, ಅಚ್ಚು ಹಾಕಿದ್ಮೇಲೆ ವಾಪಸ್ ಕೊಡ್ಬೇಕು.